ಕಡಲ ಬೆಂಗಾವಲು ಮತ್ತು ಒಳನಾಡಿನ ಪೇಟೆ

2023ರ ಡಿಸೆಂಬರ್ 23ರಂದು ಸೌದಿ ಅರೇಬಿಯಾದಿಂದ ಕಚ್ಚಾತೈಲ ಹೊತ್ತು ನವಮಂಗಳೂರು ಬಂದರಿನತ್ತ ಬರುತ್ತಿದ್ದ 'ಕೆಮ್ ಪ್ಲೂಟೊ' ಎಂಬ ಹಡಗಿನ ಮೇಲೆ, ಗುಜರಾತ್ ಕರಾವಳಿಯಿಂದ ಸುಮಾರು 200 ನಾವಿಕ ಮೈಲು ದೂರದಲ್ಲಿ ಡ್ರೋನ್ ದಾಳಿ ನಡೆಯಿತು. ಹಡಗಿನ 22 ಸಿಬ್ಬಂದಿಯಲ್ಲಿ 21 ಮಂದಿ ಭಾರತೀಯರು. ಪ್ರಾಣಹಾನಿಯಾಗಲಿಲ್ಲ, ಕರಾವಳಿ ರಕ್ಷಣಾ ಪಡೆಯ 'ವಿಕ್ರಮ್' ನೌಕೆಯ ಬೆಂಗಾವಲಿನಲ್ಲಿ ಅದು ಮುಂಬೈ ಸೇರಿತು. ಕರ್ನಾಟಕದ ಬಂದರಿಗೆ ಬರಬೇಕಾಗಿದ್ದ ಸರಕಿಗೆ ಯುದ್ಧದ ಬಿಸಿ ತಟ್ಟಿದ ಈ ಪ್ರಸಂಗವನ್ನು ಮಂಗಳೂರಿನ ವರ್ತಕರು ಗಂಭೀರವಾಗಿ ಪರಿಗಣಿಸುವುದು ಸಹಜ. ರಸ್ತೆ ದಾರಿಯಲ್ಲಿ ಸಮುದ್ರದಿಂದ ನಾಲ್ಕು ನೂರು ಕಿಲೋಮೀಟರಿಗೂ ಮಿಗಿಲಾದ ದೂರದಲ್ಲಿರುವ ಬಸವಕಲ್ಯಾಣ, ಹುಮನಾಬಾದ್ ಪೇಟೆಗಳಿಗೂ ಅದು ಅಷ್ಟೇ ಸಂಬಂಧಪಟ್ಟ ವಿಷಯವೆಂಬುದು ಮಾತ್ರ ಇನ್ನೂ ಮನವರಿಕೆಯಾಗಬೇಕಾಗಿದೆ.

ಬೀದರ್ ಜಿಲ್ಲೆಯ ಮುಂಗಾರು ಬೆಳೆಗಳಲ್ಲಿ ಸೋಯಾಬೀನ್ ಮತ್ತು ತೊಗರಿ ಪ್ರಧಾನವಾದವು. ಸೋಯಾಬೀನ್ ಧಾರಣೆಯನ್ನು ಹೊರದೇಶಗಳಿಂದ ಬರುವ ಖಾದ್ಯತೈಲ ನಿರ್ಣಯಿಸುತ್ತದೆ. ತೊಗರಿಯ ಧಾರಣೆಯ ಮೇಲೆ ಮೊಜಾಂಬಿಕ್, ತಾಂಜಾನಿಯಾ, ಮ್ಯಾನ್ಮಾರ್‌ಗಳಿಂದ ಹಡಗಿನಲ್ಲಿ ಬರುವ ಕಾಳಿನ ಪ್ರಭಾವವಿದೆ. ಈ ಎರಡರಲ್ಲಿ ಹಡಗು ತಡವಾದರೆ ದಾಲ್ ಮಿಲ್ಲಿನವರು ಚಿಂತಿಸುತ್ತಾರೆ, ಆದರೆ ಮನೆಯಲ್ಲಿ ತೊಗರಿ ಇಟ್ಟುಕೊಂಡ ರೈತನಿಗೆ ಅದರಿಂದ ಲಾಭವೇ ಆಗಬಹುದು. ಇದನ್ನು ಮರೆಮಾಚುವ ಅಗತ್ಯವಿಲ್ಲ. ರಸಗೊಬ್ಬರದ ಮಾತು ಬೇರೆ. ಡಿ.ಎ.ಪಿ. ಮೃಗಶಿರಾ ಮಳೆಯ ಹೊತ್ತಿಗೆ ಗೋದಾಮಿನಲ್ಲಿ ಇಲ್ಲದಿದ್ದರೆ ರೈತನಿಗೂ ನಷ್ಟ, ಗೊಬ್ಬರದ ಅಂಗಡಿಯವನಿಗೂ ನಷ್ಟ, ಮುಂದೆ ಆ ಫಸಲನ್ನು ಕೊಳ್ಳಬೇಕಾದ ಅಡತಿ ವ್ಯಾಪಾರಿಗೂ ನಷ್ಟ. 2024ರ ಫೆಬ್ರುವರಿಯಲ್ಲಿ ಯೆಮನ್ ಬಳಿ ಹೌತಿಗಳ ಕ್ಷಿಪಣಿಗೆ ತುತ್ತಾಗಿ ಮಾರ್ಚ್ 2ರಂದು ಮುಳುಗಿದ 'ರೂಬಿಮಾರ್' ಹಡಗಿನಲ್ಲಿದ್ದುದು ಸುಮಾರು 21,000 ಟನ್ ರಸಗೊಬ್ಬರ. ಅದು ಭಾರತಕ್ಕೆ ಬರುತ್ತಿದ್ದ ಸರಕಲ್ಲ. ಆದರೆ ಯುದ್ಧಕಾಲದಲ್ಲಿ ಕ್ಷಿಪಣಿಗೆ ತೈಲವಾಹಕವೂ ಒಂದೇ, ಗೊಬ್ಬರದ ಹಡಗೂ ಒಂದೇ ಎಂಬುದನ್ನು ಅದು ತೋರಿಸಿತು.

ಸರಕಿನ ಜೊತೆಗೆ ಕಾವಲು ಇರಬೇಕೆಂಬ ವಿಚಾರ ಕಲ್ಯಾಣಕ್ಕೆ ಹೊಸದಲ್ಲ. ಹನ್ನೊಂದನೆಯ ಶತಮಾನದಲ್ಲಿ ಒಂದನೆಯ ಸೋಮೇಶ್ವರನು ಕಲ್ಯಾಣವನ್ನು ರಾಜಧಾನಿಯಾಗಿಸಿದ ಕಾಲದಲ್ಲಿ, ಅಯ್ಯಾವೊಳೆ ಐನೂರ್ವರು ಎಂಬ ವರ್ತಕ ಸಂಘ ದಕ್ಷಿಣಾಪಥದ ವ್ಯಾಪಾರದ ಮುಂಚೂಣಿಯಲ್ಲಿತ್ತು. ನೆಲದ ದಾರಿ, ಜಲದ ದಾರಿ ಎರಡರಲ್ಲಿಯೂ ಸಂಚರಿಸಿ ಆನೆ, ಕುದುರೆ, ರತ್ನ, ಸುಗಂಧದ್ರವ್ಯಗಳನ್ನು ಮಾರುತ್ತಿದ್ದ ಈ ಸಂಘದವರು ತಮ್ಮ ಸಾರ್ಥಗಳ ರಕ್ಷಣೆಗೆ ಸ್ವಂತ ಆಯುಧಧಾರಿಗಳನ್ನು ಇಟ್ಟುಕೊಂಡಿದ್ದರು. ಸುಮಾತ್ರಾದ ಬಾರುಸ್‌ನಲ್ಲಿ ದೊರೆತ 1088ರ ತಮಿಳು ಶಾಸನ ಐನೂರ್ವರ ಹೆಸರನ್ನು ಹೊತ್ತಿದೆ. ಕಾವಲಿನ ಖರ್ಚೆಷ್ಟು, ಯಾವ ಸರಕಿಗೆ ಎಷ್ಟು ಜನ ಬೇಕು ಎಂಬ ಲೆಕ್ಕ ಆ ವರ್ತಕರ ಕೈಯಲ್ಲಿಯೇ ಇತ್ತು. ಇಂದಿನ ವರ್ತಕನ ಬಳಿ ಹಡಗೂ ಇಲ್ಲ, ಕಾವಲಿನವನೂ ಇಲ್ಲ. ಖರ್ಚು ಮಾತ್ರ ಸರಕಿನ ಬೆಲೆಯೊಳಗೆ ಸೇರಿ ಅವನ ಅಂಗಡಿಗೆ ಬಂದು ಮುಟ್ಟುತ್ತದೆ.

ಲೆಕ್ಕದ ಮಾತು ಬಂದುದರಿಂದ 1917ರ ಒಂದು ಪ್ರಕರಣವನ್ನು ಸ್ವಲ್ಪ ವಿಸ್ತಾರವಾಗಿ ನೋಡಬೇಕು. ಆ ವರ್ಷ ಜರ್ಮನಿಯ ಜಲಾಂತರ್ಗಾಮಿಗಳು ಬ್ರಿಟನ್ನಿಗೆ ಆಹಾರ ತರುವ ಹಡಗುಗಳನ್ನು ಒಂದೊಂದಾಗಿ ಮುಳುಗಿಸತೊಡಗಿದವು. ಏಪ್ರಿಲ್ ಒಂದೇ ತಿಂಗಳಲ್ಲಿ ಎಂಟು ಲಕ್ಷ ಟನ್ನಿಗೂ ಹೆಚ್ಚಿನ ಹಡಗುಗಳು ನಷ್ಟವಾದವು. ಹಡಗುಗಳನ್ನು ಗುಂಪುಗೂಡಿಸಿ ಯುದ್ಧನೌಕೆಗಳ ಬೆಂಗಾವಲಿನಲ್ಲಿ ಕಳುಹಿಸಬೇಕೆಂಬ ಸಲಹೆಗೆ ನೌಕಾಖಾತೆಯ ಹಿರಿಯರು ಒಪ್ಪಿರಲಿಲ್ಲ. ಗುಂಪು ದೊಡ್ಡ ಗುರಿಯಾಗುತ್ತದೆ, ವಾಣಿಜ್ಯ ಹಡಗಿನ ಕಪ್ತಾನರಿಗೆ ಸಾಲು ಕಾಯ್ದುಕೊಂಡು ಸಾಗಲು ಬಾರದು ಎಂಬ ಆಕ್ಷೇಪಗಳ ಜೊತೆಗೆ ಅವರ ಮುಖ್ಯ ವಾದವೊಂದಿತ್ತು: ಬ್ರಿಟನ್ನಿನ ಬಂದರುಗಳಿಗೆ ವಾರಕ್ಕೆ 2,500 ಹಡಗುಗಳು ಬರುತ್ತವೆ, ಅಷ್ಟೇ ಹೊರಡುತ್ತವೆ, ಇಷ್ಟಕ್ಕೆಲ್ಲ ಬೆಂಗಾವಲು ಒದಗಿಸುವುದು ಅಸಾಧ್ಯ. ರೆಜಿನಾಲ್ಡ್ ಹೆಂಡರ್ಸನ್ ಎಂಬ ನೌಕಾಧಿಕಾರಿ ಕಡತಗಳನ್ನು ತೆರೆದು ನೋಡಿದಾಗ, ದಡದ ಉದ್ದಕ್ಕೂ ಓಡಾಡುವ ಸಣ್ಣಪುಟ್ಟ ಹಡಗುಗಳೂ ಆ ಸಂಖ್ಯೆಯಲ್ಲಿ ಸೇರಿದ್ದುದು ಕಂಡುಬಂತು. ಮಹಾಸಾಗರ ದಾಟಿ ಬರುವ ಹಡಗುಗಳು ವಾರಕ್ಕೆ ಸುಮಾರು 140 ಮಾತ್ರ. ತಪ್ಪು ಖಾತೆಯೊಂದು ಒಂದು ಸಾಮ್ರಾಜ್ಯವನ್ನು ಉಪವಾಸದ ಅಂಚಿಗೆ ತಂದು ನಿಲ್ಲಿಸಿತ್ತು. ಬೆಂಗಾವಲು ಪದ್ಧತಿ ಜಾರಿಗೆ ಬಂದ ಮೇಲೆ ನಷ್ಟ ಇಳಿಯಿತು. ವಿಶಾಲ ಸಮುದ್ರದಲ್ಲಿ ಬಿಡಿಬಿಡಿಯಾಗಿ ಹರಡಿದ ನಲವತ್ತು ಹಡಗುಗಳಿಗಿಂತ ಒಂದೆಡೆ ಇರುವ ನಲವತ್ತನ್ನು ಹುಡುಕುವುದೇ ಶತ್ರುವಿಗೆ ಕಷ್ಟ; ಹುಡುಕಿದರೂ ಅಲ್ಲಿ ಕಾವಲು ಇದ್ದೇ ಇರುತ್ತದೆ. 1942ರ ಜುಲೈನಲ್ಲಿ ರಷ್ಯಕ್ಕೆ ಹೊರಟಿದ್ದ ಪಿ.ಕ್ಯೂ.-17 ಎಂಬ ಗುಂಪಿಗೆ ಚದುರಿ ಹೋಗುವಂತೆ ಆಜ್ಞೆಯಾದಾಗ 35 ಹಡಗುಗಳಲ್ಲಿ 24 ನಾಶವಾದುದು ಇದೇ ಮಾತಿಗೆ ಮತ್ತೊಂದು ಸಾಕ್ಷಿ.

ಭಾರತದ ನೀರಿನಲ್ಲಿಯೂ ಇಂಥ ಅನುಭವ ಇದೆ. 1914ರಲ್ಲಿ 'ಎಂಡೆನ್' ಎಂಬ ಒಂದೇ ಜರ್ಮನ್ ನೌಕೆ ಬಂಗಾಳ ಕೊಲ್ಲಿಯ ವ್ಯಾಪಾರವನ್ನು ಸ್ತಬ್ಧಗೊಳಿಸಿ, ಸೆಪ್ಟೆಂಬರ್ 22ರ ರಾತ್ರಿ ಮದರಾಸಿನ ತೈಲದ ಟ್ಯಾಂಕುಗಳಿಗೆ ಬೆಂಕಿಯಿಟ್ಟಿತು. 1942ರ ಮಾರ್ಚ್‌ನಲ್ಲಿ ರಂಗೂನ್ ಪತನವಾಗಿ ಬರ್ಮಾದ ಅಕ್ಕಿ ನಿಂತಿತು. ಮರುತಿಂಗಳು ಜಪಾನಿನ ನೌಕಾಪಡೆ ಅದೇ ಕೊಲ್ಲಿಯಲ್ಲಿ ಇಪ್ಪತ್ತಕ್ಕೂ ಹೆಚ್ಚು ವಾಣಿಜ್ಯ ಹಡಗುಗಳನ್ನು ಮುಳುಗಿಸಿತು.

ಇಂದಿನ ಭಾರತೀಯ ನೌಕಾಪಡೆಯ ಸಾಮರ್ಥ್ಯ ಬೇರೆಯೇ ಮಟ್ಟದ್ದು. 2008ರಿಂದ ಏಡನ್ ಕೊಲ್ಲಿಯಲ್ಲಿ ಕಡಲ್ಗಳ್ಳರ ವಿರುದ್ಧ ಗಸ್ತು ನಡೆಸಿದ ಅನುಭವ ಅದಕ್ಕಿದೆ. 'ಆಪರೇಷನ್ ಸಂಕಲ್ಪ್' ಅಡಿಯಲ್ಲಿ 2023ರ ಡಿಸೆಂಬರ್‌ನಿಂದ 2024ರ ಮಾರ್ಚ್‌ವರೆಗಿನ ನೂರು ದಿನಗಳಲ್ಲಿ 21ಕ್ಕೂ ಹೆಚ್ಚು ನೌಕೆಗಳನ್ನು ಸರದಿಯಂತೆ ನಿಯೋಜಿಸಿ, 18 ಘಟನೆಗಳಿಗೆ ಅದು ಸ್ಪಂದಿಸಿತು. ಸುರಕ್ಷಿತವಾಗಿ ಸಾಗಿಸಲು ನೆರವಾದ ಸರಕುಗಳ ಪಟ್ಟಿಯಲ್ಲಿ ಕಚ್ಚಾತೈಲದ ಜೊತೆಗೆ ರಸಗೊಬ್ಬರವನ್ನೂ ನೌಕಾಪಡೆ ಹೆಸರಿಸಿದ್ದು ಸಮಾಧಾನದ ಸಂಗತಿ. ಆದರೆ ಅದು ಅಂದಂದಿನ ಸಂದರ್ಭಕ್ಕೆ ನಡೆದ ಕಾರ್ಯ. ಅಗ್ರಕ್ರಮದ ಪ್ರಶ್ನೆ ಬಂದಾಗಲೆಲ್ಲ ಚರ್ಚೆ ಕಚ್ಚಾತೈಲಕ್ಕೆ ಹೋಗಿ ನಿಲ್ಲುತ್ತದೆ. ಗೊಬ್ಬರ, ಬೇಳೆಕಾಳುಗಳು ಕೊನೆಯ ಸಾಲಿನಲ್ಲಿ ಉಳಿಯುತ್ತವೆ.

ನೌಕೆಗಳು ಕಡಿಮೆ, ಹಡಗುಗಳು ಅಸಂಖ್ಯ ಎಂಬ ಉತ್ತರ ಇದಕ್ಕೆ ದೊರೆಯುವುದು ನಿರೀಕ್ಷಿತ. ಒಂದು ನೌಕೆಯನ್ನು ಇಲ್ಲಿ ನಿಲ್ಲಿಸಿದರೆ ಇನ್ನೊಂದು ಕಡೆ ತೆರವಾಗುತ್ತದೆ ಎಂಬುದು ನಿಜವೂ ಹೌದು. ಆದರೂ ಹೆಂಡರ್ಸನ್ ಮಾಡಿದ ಲೆಕ್ಕವನ್ನು ಇಲ್ಲಿಯೂ ಮಾಡಿ ನೋಡಬಹುದು. 2023-24ರಲ್ಲಿ ದೇಶ ಆಮದು ಮಾಡಿಕೊಂಡ ಡಿ.ಎ.ಪಿ. ಸುಮಾರು 55 ಲಕ್ಷ ಟನ್. ಒಂದು ಹಡಗಿಗೆ 40ರಿಂದ 50 ಸಾವಿರ ಟನ್ ಎಂದು ಹಿಡಿದರೆ ವರ್ಷಕ್ಕೆ 110ರಿಂದ 140 ಹಡಗುಗಳು, ಅಂದರೆ ವಾರಕ್ಕೆ ಎರಡು ಅಥವಾ ಮೂರು. ಇವುಗಳಲ್ಲಿ ಅಪಾಯದ ನೀರನ್ನು ಹಾದು, ಮಾರ್ಚ್‌ನಿಂದ ಜೂನ್ ಒಳಗೆ ತಲುಪಲೇಬೇಕಾದವು ಇನ್ನೂ ಕಡಿಮೆ. ಇದು ಅಸಂಖ್ಯವಲ್ಲ, ಅಸಾಧ್ಯವೂ ಅಲ್ಲ.

ಬೆಂಗಾವಲಿಗೆ ಇನ್ನೊಂದು ಬೆಲೆಯಿದೆ, ಅದು ಕಾಲ. ಗುಂಪು ಸೇರುವವರೆಗೆ ಕಾಯಬೇಕು; ಎಲ್ಲಕ್ಕಿಂತ ನಿಧಾನವಾದ ಹಡಗಿನ ವೇಗಕ್ಕೆ ಉಳಿದವು ಇಳಿಯಬೇಕು; ಒಟ್ಟಿಗೆ ಬಂದ ಹಡಗುಗಳು ಬಂದರಿನಲ್ಲಿ ಸರದಿ ನಿಲ್ಲಬೇಕು. ಕೆಂಪು ಸಮುದ್ರವನ್ನು ಬಿಟ್ಟು ಆಫ್ರಿಕದ ತುದಿ ಸುತ್ತಿ ಬಂದರೆ ಹತ್ತರಿಂದ ಹದಿನಾಲ್ಕು ದಿನ ಹೆಚ್ಚು. ಬಂದರಿಗೆ ಹತ್ತಿರದ ಜಿಲ್ಲೆಗಳು ಮೊದಲು ಪಡೆಯುತ್ತವೆ, ರಾಜ್ಯದ ಉತ್ತರದ ತುದಿಯ ತಾಲ್ಲೂಕುಗಳಿಗೆ ಸರಕು ಕೊನೆಗೆ ಬರುತ್ತದೆ. 2017ರಲ್ಲಿ ಬೀದರ್-ಕಲಬುರಗಿ ರೈಲುಮಾರ್ಗ ಆರಂಭವಾಗಿ ಹುಮನಾಬಾದಿಗೆ ರೈಲು ಬಂದಿದೆ, ಪುಣೆ-ಹೈದರಾಬಾದ್ ಹೆದ್ದಾರಿ ಊರನ್ನೇ ಹಾದು ಹೋಗುತ್ತದೆ. ಸಮುದ್ರದಲ್ಲಿ ಕಳೆದುಹೋದ ಹದಿನೈದು ದಿನಗಳನ್ನು ಇವು ಮರಳಿ ತರಲಾರವು. ಆದ್ದರಿಂದ ಈ ಭಾಗದ ವಾಣಿಜ್ಯ ಸಂಸ್ಥೆಗಳು ಕೇಂದ್ರದ ರಸಗೊಬ್ಬರ ಮತ್ತು ನೌಕಾಯಾನ ಇಲಾಖೆಗಳ ಮುಂದೆ ಇಡಬೇಕಾದ ಬೇಡಿಕೆ ಸ್ಪಷ್ಟವಾಗಿದೆ: ಬಿತ್ತನೆಯ ಪಂಚಾಂಗಕ್ಕೆ ಅನುಗುಣವಾಗಿ ಗೊಬ್ಬರದ ಹಡಗುಗಳಿಗೆ ಬೆಂಗಾವಲಿನ ಕ್ರಮ ಮೊದಲೇ ನಿಗದಿಯಾಗಬೇಕು, ಕಡಲಿನಲ್ಲಿ ಉದ್ವಿಗ್ನತೆ ಇರುವ ವರ್ಷ ಖರೀದಿಯ ಆದೇಶ ಒಂದು ತಿಂಗಳು ಮುಂಚಿತವಾಗಿ ಹೋಗಬೇಕು.

ವರ್ತಕರ ಕೈಯಲ್ಲಿಯೇ ಇರುವ ಒಂದು ಕೆಲಸವೂ ಉಂಟು. 2023ರ ಡಿಸೆಂಬರ್ ಆರಂಭದವರೆಗೆ ಹಡಗಿನ ಮೌಲ್ಯದ ಶೇ. 0.1ರ ಆಸುಪಾಸಿನಲ್ಲಿದ್ದ ಕೆಂಪು ಸಮುದ್ರದ ಯುದ್ಧಾಪಾಯ ವಿಮೆಯ ದರ 2024ರ ಆರಂಭದಲ್ಲಿ ಶೇ. 0.7ರಿಂದ 1ಕ್ಕೆ ಏರಿತ್ತು. ಸಿ.ಐ.ಎಫ್. ಷರತ್ತಿನಲ್ಲಿ ಕಾಳು ತರಿಸುವ ವ್ಯಾಪಾರಿ, ಮಾರುವವನೇ ವಿಮೆ ಮಾಡಿಸಿದ್ದಾನೆಂದು ನಿಶ್ಚಿಂತನಾಗಿರುವುದುಂಟು. ಆ ಷರತ್ತು ಮಾರುವವನ ಮೇಲೆ ಹೊರಿಸುವುದು ಕನಿಷ್ಠ ದರ್ಜೆಯ ವಿಮೆಯನ್ನು ಮಾತ್ರ. ಯುದ್ಧದ ನಷ್ಟ ಅದರಲ್ಲಿ ಸೇರುವುದಿಲ್ಲ, ಪ್ರತ್ಯೇಕವಾಗಿ ಕೇಳಿ ಪಡೆಯಬೇಕು. ಪಡೆದ ಮೇಲೆಯೂ, ಸಾಮಾನ್ಯವಾಗಿ ಏಳು ದಿನಗಳ ಸೂಚನೆ ಕೊಟ್ಟು ಮುಂದಿನ ಸಾಗಣೆಗಳಿಗೆ ಅದನ್ನು ಹಿಂತೆಗೆದುಕೊಳ್ಳುವ ಹಕ್ಕು ವಿಮಾ ಕಂಪನಿಗೆ ಇರುತ್ತದೆ. ಆ ಏಳು ದಿನಗಳಲ್ಲಿ ಸೂಚನೆ ಮುಂಬೈಯ ದಲ್ಲಾಳಿಯ ಮೇಜಿನಿಂದ ಹುಮನಾಬಾದಿನ ಮಿಲ್ಲಿಗೆ ತಲುಪುವ ಏರ್ಪಾಡು ಇದೆಯೇ ಎಂಬುದನ್ನು ಮುಂದಿನ ಹಂಗಾಮಿನ ಕರಾರಿಗೆ ಸಹಿ ಹಾಕುವ ಮುನ್ನವೇ ವಿಚಾರಿಸಿಕೊಳ್ಳಬೇಕು.