ಹುಟ್ಟು ಹಿಡಿದ ಕೈಗೆ ಸಂಬಳವೂ ಬೇಕು

2000ದ ಸಿಡ್ನಿಯಿಂದ ಹಿಡಿದು 2024ರ ಪ್ಯಾರಿಸ್‌ವರೆಗೆ ಪ್ರತಿಯೊಂದು ಒಲಿಂಪಿಕ್ಸ್‌ಗೂ ನಮ್ಮ ದೇಶದಿಂದ ರೋಯಿಂಗ್ ಪಟುಗಳು ಹೋಗಿದ್ದಾರೆ. ಅವರೆಲ್ಲರೂ ಗಂಡಸರೇ. ಒಬ್ಬಳೇ ಒಬ್ಬ ಹೆಣ್ಣುಮಗಳು ಅವರಲ್ಲಿಲ್ಲ. “ಹೆಣ್ಣಿಗೆ ಅಷ್ಟು ತೋಳಬಲ ಎಲ್ಲಿಂದ ಬರಬೇಕು?” ಎಂದು ಹೇಳಿ ಮಾತು ಮುಗಿಸುವವರಿದ್ದಾರೆ. ಕಾಮರ್ಸ್ ಓದುವ ನನಗೆ ಈ ಉತ್ತರ ಸರಿಕಾಣುವುದಿಲ್ಲ. ಜಮಾ-ಖರ್ಚು ನೋಡಿದರೆ ಬೇರೆಯೇ ಕಾರಣ ಕಾಣುತ್ತದೆ.

ಮೊದಲು ಈ ಆಟ ಎಂಥದು ನೋಡೋಣ. ನೆಟ್ಟಗೆ ಎರಡು ಸಾವಿರ ಮೀಟರು ನೀರು. ಒಬ್ಬರೇ ಕೂರುವ ದೋಣಿಯ ತೂಕ ಹದಿನಾಲ್ಕು ಕಿಲೋ ಇದ್ದರೆ ಸಾಕು, ಆದರೆ ಬೆಲೆ ಲಕ್ಷಗಟ್ಟಲೆ. ಗುರಿಗೆ ಬೆನ್ನು ಹಾಕಿ ಕೂತು, ಜಾರುವ ಪೀಠದ ಮೇಲೆ ಕಾಲಿನಿಂದ ಒದ್ದು, ಬೆನ್ನಿನಿಂದ ಎಳೆದು, ಏಳೆಂಟು ನಿಮಿಷದಲ್ಲಿ ದಡ ಮುಟ್ಟಬೇಕು. ಆ ಏಳೆಂಟು ನಿಮಿಷಕ್ಕಾಗಿ ಏಳೆಂಟು ವರ್ಷ ಬೆಳಿಗ್ಗೆ ಸಂಜೆ ನೀರಿನಲ್ಲಿರಬೇಕು. ಹಾಲು, ಮೊಟ್ಟೆ, ಮಾಂಸ ಹೊಟ್ಟೆ ತುಂಬ ಬೇಕು. ಕ್ರಿಕೆಟ್ಟಿನಂತೆ ಇಲ್ಲಿ ಹರಾಜಿಲ್ಲ, ಜಾಹೀರಾತಿಲ್ಲ. ಹಾಗಾದರೆ ಇಷ್ಟು ವರ್ಷ ಸಾಕುವವರು ಯಾರು?

ಗಂಡಸರನ್ನು ಸಾಕಿದ್ದು ಸೈನ್ಯ. ದತ್ತು ಭೋಕನಳ್ ಅವರ ಕಥೆ ಕೇಳಿ. ನಾಸಿಕ್ ಜಿಲ್ಲೆಯ ತಳೇಗಾಂವ್ ರೋಹಿ ಎಂಬ ಬರಗಾಲದ ಊರು. ಅಪ್ಪನ ಜೊತೆ ಬಾವಿ ತೋಡುತ್ತಿದ್ದ ಹುಡುಗ. ಕುಡಿಯುವ ನೀರಿಗೇ ಪರದಾಡುವ ಊರಿನವನಿಗೆ ದೋಣಿ ಎಲ್ಲಿಂದ ಬರಬೇಕು? 2012ರಲ್ಲಿ ಸೈನ್ಯ ಸೇರಿದ ಮೇಲೆ ಪುಣೆಯಲ್ಲಿ ಅವನ ಕೈಗೆ ಹುಟ್ಟು ಬಂತು. 2016ರ ರಿಯೋ ಒಲಿಂಪಿಕ್ಸ್‌ನಲ್ಲಿ ಹದಿಮೂರನೆಯ ಸ್ಥಾನ. ಇದರ ಕ್ರಮ ಗಮನಿಸಬೇಕು: ಮೊದಲು ನೌಕರಿ, ಆಮೇಲೆ ದೋಣಿ. ಅದೇ ಊರಿನಲ್ಲಿ ಅಷ್ಟೇ ಎತ್ತರದ, ಅಷ್ಟೇ ಗಟ್ಟಿಯಾದ ಒಬ್ಬ ಹುಡುಗಿ ಇದ್ದಿದ್ದರೆ? ಆಗ ಅವಳಿಗೆ ಜವಾನಳಾಗಿ ಸೇರುವ ದಾರಿಯೇ ಇರಲಿಲ್ಲ. ಕ್ರೀಡಾ ಕೋಟಾದಲ್ಲಿ ಕೆಲಸ ಕೇಳಿದರೆ, ಪದಕ ಎಲ್ಲಿ, ಸರ್ಟಿಫಿಕೇಟು ಎಲ್ಲಿ ಅಂತಾರೆ. ಹೆಣ್ಣಿಗೆ ಮೊದಲು ಪದಕ, ಆಮೇಲೆ ನೌಕರಿ. ಅಲ್ಲಿಯವರೆಗೆ ಮನೆಯವರ ಅನ್ನ, ಮನೆಯವರ ಮಾತು. ಹದಿನೆಂಟರಿಂದ ಇಪ್ಪತ್ತಾರರವರೆಗೆ ನಮ್ಮ ಮನೆಗಳಲ್ಲಿ ಹುಡುಗಿಗೆ ಕೇಳುವ ಪ್ರಶ್ನೆ ಒಂದೇ ಅಲ್ಲವೆ?

ಅಷ್ಟಾದರೂ ಗೆದ್ದವರಿದ್ದಾರೆ. 2010ರ ಗುವಾಂಗ್‌ಝೌ ಏಷ್ಯನ್ ಕ್ರೀಡೆಗಳಲ್ಲಿ ಒಡಿಶಾದ ಪ್ರತಿಮಾ ಪುಹಾನ ಮತ್ತು ಪ್ರಮಿಳಾ ಪ್ರಭಾ ಮಿಂಜ್ ಇಬ್ಬರು ಕೂರುವ ದೋಣಿಯಲ್ಲಿ ಕಂಚು ತಂದರು. ಆಮೇಲೆ? 2014ರ ಇಂಚಾನ್‌ನಲ್ಲಿ ಮೂರು, 2018ರ ಜಕಾರ್ತದಲ್ಲಿ ಮೂರು, 2023ರಲ್ಲಿ ನಡೆದ ಹಾಂಗ್‌ಝೌ ಕ್ರೀಡೆಗಳಲ್ಲಿ ಐದು. ಒಟ್ಟು ಹನ್ನೊಂದು ಪದಕ, ಹನ್ನೊಂದೂ ಗಂಡಸರದೇ. ತೋಳಬಲದ ಮಾತಾಡುವವರು ಒಂದು ನೆನಪಿಡಲಿ: ಹೆಂಗಸರು ಓಡುವುದು ಹೆಂಗಸರ ಜೊತೆಗೇ. ಚೀನಾದ ಹುಡುಗಿ ಗೆಲ್ಲುವುದು ನಮ್ಮ ಗಂಡಸರನ್ನು ಸೋಲಿಸಿ ಅಲ್ಲ.

ಹೊರಗಿನ ಲೋಕವೂ ಹೆಣ್ಣಿಗೆ ಸುಲಭವಾಗಿ ನೀರು ಬಿಟ್ಟುಕೊಡಲಿಲ್ಲ. ಒಲಿಂಪಿಕ್ಸ್‌ನಲ್ಲಿ ಹೆಂಗಸರ ರೋಯಿಂಗ್ ಶುರುವಾದದ್ದೇ 1976ರಲ್ಲಿ, ಅದೂ ಅರ್ಧ ದೂರ, ಸಾವಿರ ಮೀಟರು. ಪೂರ್ತಿ ಎರಡು ಸಾವಿರ ಸಿಕ್ಕಿದ್ದು 1988ರಲ್ಲಿ. ಟೋಕಿಯೋದಲ್ಲಿ ಗಂಡಸರಿಗೆ ಏಳು ಸ್ಪರ್ಧೆ, ಹೆಂಗಸರಿಗೂ ಏಳು. ರುಮೇನಿಯದ ಎಲಿಸಬೆಟಾ ಲೀಪಾ 1984ರಿಂದ 2004ರವರೆಗೆ ಆರು ಒಲಿಂಪಿಕ್ಸ್‌ನಲ್ಲಿ ಐದು ಚಿನ್ನ ಸೇರಿ ಎಂಟು ಪದಕ ಗೆದ್ದರು. ಇಪ್ಪತ್ತು ವರ್ಷ! ಅವರ ಕ್ಲಬ್ಬು ಬುಖಾರೆಸ್ಟಿನ ದಿನಾಮೊ, ಅಲ್ಲಿನ ಒಳಾಡಳಿತ ಇಲಾಖೆಗೆ ಸೇರಿದ್ದು. ಪೊಲೀಸ್ ದರ್ಜೆಯಲ್ಲಿ ಮೇಲೇರುತ್ತಲೇ ಹುಟ್ಟು ಹಾಕಿದರು.

ಅಷ್ಟು ದೂರ ಯಾಕೆ ಹೋಗಬೇಕು? ನಮ್ಮ ಹೈದರಾಬಾದಿನಲ್ಲೇ ಬೆಳೆದ ಮಿಥಾಲಿ ರಾಜ್ ಇದ್ದಾರೆ. 1999ರಿಂದ 2022ರವರೆಗೆ ಭಾರತಕ್ಕೆ ಆಡಿದರು. ಹೆಂಗಸರ ಕ್ರಿಕೆಟ್ಟಿನಲ್ಲಿ ದುಡ್ಡೇ ಇಲ್ಲದ ಕಾಲದಲ್ಲಿ ಅವರಿಗೂ ಅವರಂಥ ಎಷ್ಟೋ ಹುಡುಗಿಯರಿಗೂ ಅನ್ನ ಕೊಟ್ಟಿದ್ದು ರೈಲ್ವೆ ನೌಕರಿ. ಸೈನ್ಯ ಗಂಡಸರ ದೋಣಿಗೆ ಮಾಡಿದ್ದನ್ನು ರೈಲ್ವೆ ಹೆಂಗಸರ ಬ್ಯಾಟಿಗೆ ಮಾಡಿತು.

ಇನ್ನು ನಮ್ಮ ಹುಸೇನ್ ಸಾಗರ. 1560ರ ದಶಕದಲ್ಲಿ ಕುತುಬ್‌ಶಾಹಿಗಳು ಕಟ್ಟಿಸಿದ ಕೆರೆ. 2005ರಲ್ಲಿ ಏಷ್ಯನ್ ರೋಯಿಂಗ್ ಚಾಂಪಿಯನ್‌ಷಿಪ್ ನಡೆದ ಊರು ನಮ್ಮದು. ಕೂಕಟಪಲ್ಲಿ ನಾಲೆ ತಂದು ಸುರಿಯುವ ಹೊಲಸಿಗೆ ಟ್ಯಾಂಕ್ ಬಂಡ್ ಮೇಲೆ ನಿಂತ ನಾವು ಮೂಗು ಮುಚ್ಚಿಕೊಳ್ಳಬಹುದು. ದೋಣಿಯಲ್ಲಿ ಉಸಿರು ಬಿಗಿದು ಎಳೆಯುವವರು ಏನು ಮುಚ್ಚಿಕೊಳ್ಳಬೇಕು? ಆ ಕೆರೆ ಶುದ್ಧವಾಗಲೇಬೇಕು. ಆದರೆ ಕೆರೆ ಶುದ್ಧವಾದ ಮಾತ್ರಕ್ಕೆ ಹುಡುಗಿಯರು ಬಂದುಬಿಡುವುದಿಲ್ಲ.

2019ರಲ್ಲಿ ಸೈನ್ಯದ ಮಿಲಿಟರಿ ಪೊಲೀಸ್ ದಳಕ್ಕೆ ಹೆಣ್ಣುಮಕ್ಕಳ ನೇಮಕ ಆರಂಭವಾಯಿತು. 2021ರಲ್ಲಿ ಬೆಂಗಳೂರಿನ ತರಬೇತಿ ಕೇಂದ್ರದಿಂದ 83 ಮಂದಿಯ ಮೊದಲ ತಂಡ ಹೊರಬಂತು. ಒಳ್ಳೆಯದೇ. ಆದರೆ ಸೈನ್ಯವೊಂದೇ ಎಲ್ಲ ಮಾಡಲಿ ಅಂತ ಕೂರುವುದು ಬೇಡ. ಹುಸೇನ್ ಸಾಗರದಿಂದ ಹೆಚ್ಚು ದೂರವಿಲ್ಲದ ಸಿಕಂದರಾಬಾದಿನ ರೈಲ್ ನಿಲಯದಲ್ಲಿ ದಕ್ಷಿಣ ಮಧ್ಯ ರೈಲ್ವೆಯ ಮುಖ್ಯ ಕಚೇರಿ ಇದೆ. ಅಲ್ಲಿ ಒಂಬತ್ತು ಹುದ್ದೆ ತೆಗೆದಿಡಲಿ: ಎಂಟು ಜನ ಹುಟ್ಟು ಹಾಕುವವರು, ಒಬ್ಬಳು ಚುಕ್ಕಾಣಿಯವಳು. ಎತ್ತರ, ಶಕ್ತಿ, ಆಸಕ್ತಿ ನೋಡಿ ತೆಗೆದುಕೊಳ್ಳಲಿ. ಪದಕವನ್ನು ಆಮೇಲೆ ಕೇಳಲಿ. ಅಷ್ಟು ದೊಡ್ಡ ಇಲಾಖೆಯ ಸಂಬಳದ ಪುಸ್ತಕದಲ್ಲಿ ಒಂಬತ್ತು ಹೆಸರು ಎಷ್ಟರ ಖರ್ಚು? ಎಂಟು ವರ್ಷ ಕಾದು ನೋಡೋಣ. ಆಮೇಲೂ ಪದಕ ಬಾರದಿದ್ದರೆ ತೋಳಬಲದ ಮಾತು ತೆಗೆಯಿರಿ, ಕೇಳುತ್ತೇನೆ.

ಗೆಳತಿಯರೆ, ಗೆಳೆಯರೆ, ನೀವೇನಂತೀರಿ?