ನಿಪ್ಪಾಣಿಯ ವಖಾರಿಗಳೂ ನಮ್ಮ ಸಭಾಭವನವೂ

ನಿಪ್ಪಾಣಿ ಎಂದೊಡನೆ ಹೊರನಾಡ ಕನ್ನಡಿಗರಾದ ನಮಗೆ, ಅದರಲ್ಲೂ ಪುಣೆ-ಮುಂಬಯಿಗಳಲ್ಲಿ ನೆಲೆಸಿದವರಿಗೆ, ಮೊದಲು ನೆನಪಾಗುವುದು ಗಡಿವಿವಾದ. ಆ ಊರಿನ ತಂಬಾಕು ವಖಾರಿಗಳಲ್ಲಿ ಧೂಳು ಕುಡಿದು ದುಡಿದ ಹೆಂಗಸರಿಗೆ ನಮ್ಮ ಠರಾವುಗಳಲ್ಲಿ ಸ್ಥಾನ ದೊರೆತುದು ಅಪರೂಪ. ಅವರು ಆಡುತ್ತಿದ್ದುದು ಮರಾಠಿಯೆಂಬುದೂ ಒಂದು ಕಾರಣವಿದ್ದೀತು. ಆದರೆ ಅವರನ್ನು ಅರಸಿಕೊಂಡು ಹೋದ ಚಿತ್ರತಂಡ ಬೆಂಗಳೂರಿನದು.

ದೀಪಾ ಧನರಾಜ್, ಆಭಾ ಭೈಯಾ, ನವ್ರೋಜ್ ಕಾಂಟ್ರಾಕ್ಟರ್ ಹಾಗೂ ಮೀರಾ ರಾವ್ 1980ರಲ್ಲಿ 'ಯುಗಾಂತರ' ಬಳಗವನ್ನು ಕಟ್ಟಿದರು. ಅವರ ಮೊದಲ ಸಾಕ್ಷ್ಯಚಿತ್ರ 'ಮೋಲಕರೀಣ' (1981), ನಮ್ಮ ಪುಣೆಯ ಮನೆಗೆಲಸದ ಹೆಂಗಸರು ಸಂಘಟಿತರಾದುದನ್ನು ಕುರಿತದ್ದು. ಮರುವರ್ಷ ಬಂದುದು ನಿಪ್ಪಾಣಿಯ ಚಿತ್ರ, 'ತಂಬಾಕು ಚಾಕೀಲಾ ಊಬ ಆಲೀ'. ಇದಕ್ಕಾಗಿ ತಂಡವು ತಿಂಗಳುಗಟ್ಟಲೆ ಕಾರ್ಮಿಕ ಮಹಿಳೆಯರ ಜೊತೆ ಕುಳಿತು ಅವರ ಮಾತು ಕೇಳಿತು. ಏನನ್ನು ತೋರಿಸಬೇಕೆಂಬುದರಲ್ಲಿ ಆ ಹೆಂಗಸರಿಗೂ ಪಾಲಿತ್ತು. ತಮ್ಮ ಹೋರಾಟದ ಪ್ರಸಂಗಗಳನ್ನು ಅವರೇ ಮರಳಿ ಅಭಿನಯಿಸಿದರು. ಚಿತ್ರದ ಅವಧಿ ಅರ್ಧ ಗಂಟೆಗೂ ಕಡಿಮೆ.

ಸಾಕ್ಷ್ಯಚಿತ್ರವೆಂದರೆ ನಮ್ಮ ತಲೆಮಾರಿಗೆ ಫಿಲ್ಮ್ಸ್ ಡಿವಿಜನ್. 1948ರಲ್ಲಿ ಆರಂಭವಾದ ಆ ಸಂಸ್ಥೆಯ ಚಿತ್ರಗಳನ್ನು ಕಥಾಚಿತ್ರಕ್ಕೆ ಮುನ್ನ ತೋರಿಸಲೇಬೇಕಿತ್ತು. ನಾವೋ, ಆ ಹೊತ್ತಿಗೆ ಹೊರಗೆ ಚಹಾ ಕುಡಿಯುತ್ತಿದ್ದೆವು! ಸುಖದೇವ್‌ರಂಥವರ ಒಳ್ಳೆಯ ಚಿತ್ರಗಳೂ ಅಲ್ಲಿಂದ ಬಂದುವು, ನಿಜ. ಆದರೂ ಬಹುಪಾಲು ಚಿತ್ರಗಳಲ್ಲಿ ಒಂದು ಗಡಸು ದನಿ ಬಡವನಿಗೆ ಪಾಠ ಹೇಳುತ್ತಿತ್ತು, ಬಡವನು ಮಾತನಾಡುತ್ತಿರಲಿಲ್ಲ. ಸಮಾಜವನ್ನು ಬದಲಿಸುವ ಚಿತ್ರಕ್ಕೂ ಸುಧಾರಣೆಯನ್ನು ಬೋಧಿಸುವ ಚಿತ್ರಕ್ಕೂ ಇರುವ ಅಂತರ ಇದೇ. ಯುಗಾಂತರದ ಚಿತ್ರಗಳು ದುಡಿಯುವ ಹೆಂಗಸರ ನಡುವೆ ಪ್ರದರ್ಶನಗೊಂಡು ಚರ್ಚೆಗೆ ಒದಗಿದುವು. ಚಿತ್ರೀಕರಣದಷ್ಟೇ ಮುಖ್ಯವಾದುದು ಈ ಎರಡನೆಯ ಕೆಲಸ, ಹೆಚ್ಚಿನ ನಿರ್ಮಾಪಕರು ಬಿಟ್ಟುಬಿಡುವುದೂ ಇದನ್ನೇ.

ದಶಕಗಳ ಬಳಿಕ ಈ ಚಿತ್ರಗಳನ್ನು ಜೀರ್ಣೋದ್ಧಾರ ಮಾಡಿದುದು ಬರ್ಲಿನ್ನಿನ ಆರ್ಸೆನಲ್ ಸಂಸ್ಥೆ. ನಿಪ್ಪಾಣಿಯ ಹೆಂಗಸರು ಬರ್ಲಿನ್ ಸುತ್ತಿ ನಮ್ಮೆಡೆಗೆ ಬರಬೇಕಾಯಿತೆಂಬುದು ಹೆಮ್ಮೆಪಡುವ ಸಂಗತಿಯಲ್ಲ.

ಇಂದು ನಮ್ಮ ಪ್ರತಿಯೊಬ್ಬ ತರುಣನ ಕಿಸೆಯಲ್ಲೂ ಕ್ಯಾಮೆರಾ ಇದೆ. ಅದರಲ್ಲಿ ರಾಜ್ಯೋತ್ಸವದ ಮೆರವಣಿಗೆಯೂ ಸನ್ಮಾನದ ಶಾಲುಗಳೂ ತಪ್ಪದೆ ದಾಖಲಾಗುತ್ತವೆ. ಕಲಬುರಗಿ, ವಿಜಯಪುರಗಳ ಕಡೆಯಿಂದ ಬಂದು ಇದೇ ನಗರದಲ್ಲಿ ಗಾರೆ ಹೊರುವವರು, ನಮ್ಮದೇ ಮನೆಗಳಲ್ಲಿ ಪಾತ್ರೆ ತೊಳೆಯುವವರು ಅದರಲ್ಲಿಲ್ಲ. ಅವರು ಕನ್ನಡಿಗರಲ್ಲವೆ? ಸಂಘದಲ್ಲಿ ರಾಜಕೀಯ ಬೇಡವೆನ್ನುವ ಹಿರಿಯರಿದ್ದಾರೆ. ಗಡಿಯ ಠರಾವು ರಾಜಕೀಯವಲ್ಲದಿದ್ದರೆ ಮನೆಗೆಲಸದ ಪಗಾರ, ವಾರದ ರಜೆಗಳ ಮಾತೂ ಅಲ್ಲ. ಹಿಂದಿನ ಸಾಲಿನಲ್ಲಿ ಒಡತಿ, ಮುಂದಿನ ಸಾಲಿನಲ್ಲಿ ಕೆಲಸದಾಕೆ ಕುಳಿತು 'ಮೋಲಕರೀಣ'ವನ್ನು ನೋಡಿದರೆ ಸಭಾಭವನದಲ್ಲಿ ಇರಿಸುಮುರಿಸಾದೀತು. ಆಗಲಿ.

ಈ ಎರಡು ಚಿತ್ರಗಳನ್ನು ನಿರ್ಮಾಪಕರ ಅನುಮತಿ ಪಡೆದು ನಮ್ಮ ಭವನದಲ್ಲಿ ತೋರಿಸಬೇಕೆಂದು ಕಾರ್ಯಕಾರಿ ಸಮಿತಿಯನ್ನು ಕೋರುತ್ತೇವೆ. ಮರಾಠಿ ಮಾತುಗಳಿಗೆ ಕನ್ನಡದಲ್ಲಿ ಅಡಿಬರಹ ಸಿದ್ಧಪಡಿಸಬಲ್ಲ ತರುಣರು ಮುಂದೆ ಬರಲಿ. ದಿನ, ವೇಳೆಗಳನ್ನು ಮಾತ್ರ ಆ ಹೆಂಗಸರನ್ನೇ ಕೇಳಿ ಗೊತ್ತುಪಡಿಸುವುದು ಲೇಸು. ಭಾನುವಾರ ನಮಗೆ ಬಿಡುವು; ಅಂದು ನಮ್ಮ ಮನೆಗಳಿಗೆ ನೆಂಟರು ಬರುವುದರಿಂದ ಅವರಿಗೆ ಕೆಲಸ ಹೆಚ್ಚು.