ತೆರವು ಪ್ರಕರಣದ ತೀರ್ಪು ಮಾಲೀಕತ್ವದ ದಾವೆಗೆ ಅಡ್ಡಿಯೇ?

ಬಸದಿಗೆ ಸೇರಿದ ಮಳಿಗೆ, ಹಿರಿಯರು ಪೇಟೆಯಲ್ಲಿ ಕಟ್ಟಿಸಿದ ಮನೆ, ಅಣ್ಣತಮ್ಮಂದಿರಲ್ಲಿ ಇನ್ನೂ ಹಂಚಿಕೆಯಾಗದ ಗೋದಾಮು. ಇಂಥ ಆಸ್ತಿಗಳನ್ನು ಬಾಡಿಗೆಗೆ ಕೊಟ್ಟ ಕುಟುಂಬಗಳು, ಟ್ರಸ್ಟ್‌ಗಳು ನಮ್ಮ ಸಮಾಜದಲ್ಲಿ ಹಲವು. ಬಾಡಿಗೆದಾರರನ್ನು ಬಿಡಿಸಲು ಹೂಡಿದ ಪ್ರಕರಣದಲ್ಲಿ ಸೋತವರು ಆಸ್ತಿಯೇ ಕೈತಪ್ಪಿತು ಎಂದು ಸುಮ್ಮನಾಗುತ್ತಾರೆ. ಗೆದ್ದವರು ಮಾಲೀಕತ್ವಕ್ಕೆ ಕೋರ್ಟಿನ ಮುದ್ರೆ ಬಿತ್ತೆಂದು ನಿಶ್ಚಿಂತರಾಗುತ್ತಾರೆ. ಎರಡೂ ಸರಿಯಲ್ಲ.

ಕಾನೂನು ಏನು ಹೇಳುತ್ತದೆ?

ಅದೇ ಪಕ್ಷಗಾರರ ನಡುವೆ ಒಮ್ಮೆ ವಿಚಾರಣೆ ನಡೆದು ಅಂತಿಮವಾಗಿ ತೀರ್ಮಾನವಾದ ವಿಷಯವನ್ನು ಮತ್ತೆ ಕೆದಕುವಂತಿಲ್ಲ. ಇದು ಸಿವಿಲ್ ಪ್ರಕ್ರಿಯಾ ಸಂಹಿತೆಯ 11ನೇ ಕಲಂ. ವಕೀಲರ ಮಾತಿನಲ್ಲಿ 'ರೆಸ್ ಜುಡಿಕೇಟಾ'. ಆದರೆ ಆ ವಿಷಯ ಮೊದಲ ಪ್ರಕರಣದಲ್ಲಿ ನೇರವಾಗಿ, ಮುಖ್ಯವಾಗಿ ಚರ್ಚೆಗೆ ಬಂದಿರಬೇಕು. ಪ್ರಾಸಂಗಿಕವಾಗಿ ಬಂದುಹೋದ ಮಾತಿಗೆ ಈ ತಡೆ ಇಲ್ಲ.

ತೆರವು ಪ್ರಕರಣದ ಮುಖ್ಯ ಪ್ರಶ್ನೆ ಒಂದೇ: ಇವರಿಬ್ಬರು ಮಾಲೀಕ ಮತ್ತು ಬಾಡಿಗೆದಾರರೇ? ಆಸ್ತಿ ಯಾರದೆಂಬ ಮಾತು ಈ ಪ್ರಶ್ನೆಗೆ ಉತ್ತರ ಹುಡುಕುವಷ್ಟಕ್ಕೆ ಮಾತ್ರ ಬರುತ್ತದೆ. ಬಾಡಿಗೆ ಸಂಬಂಧ ಸಾಬೀತಾಗದಿದ್ದರೆ ನಿಜವಾದ ಮಾಲೀಕನ ಅರ್ಜಿಯೂ ವಜಾ ಆಗಬಹುದು. 1995ರ ತೀರ್ಪೊಂದರಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಹೇಳಿತು: ತೆರವು ದಾವೆಯಲ್ಲಿ ಮಾಲೀಕತ್ವದ ಪರಿಶೀಲನೆ ಪ್ರಾಸಂಗಿಕ ಮಾತ್ರ.

ಕರ್ನಾಟಕ ಬಾಡಿಗೆ ಕಾಯ್ದೆ, 1999ರ 43ನೇ ಕಲಮಿನಲ್ಲೂ ಇದೇ ವಿವೇಕವಿದೆ. ಬಾಡಿಗೆ ಸಂಬಂಧವನ್ನೇ ಅಲ್ಲಗಳೆದಾಗ ಕೋರ್ಟ್ ಕರಾರು ಪತ್ರವನ್ನೋ, ಅದಿಲ್ಲದಿದ್ದರೆ ಬಾಡಿಗೆ ರಸೀದಿಯನ್ನೋ ಮೇಲ್ನೋಟದ ಪುರಾವೆಯೆಂದು ಒಪ್ಪಿ ಮುಂದುವರಿಯಬಹುದು. ಬಾಯಿಮಾತಿನ ಬಾಡಿಗೆಯಾಗಿದ್ದು ರಸೀದಿಯೂ ಇಲ್ಲದಿದ್ದರೆ, ಅಥವಾ ದಾಖಲೆಯ ಮೇಲೆ ಸಂಶಯ ಬಂದರೆ, ಪ್ರಕರಣ ನಿಲ್ಲಿಸಿ ಸಿವಿಲ್ ಕೋರ್ಟಿಗೆ ಹೋಗಲು ಹೇಳಬೇಕು.

ಅಡ್ಡಿಯಾಗುವುದು ಯಾವಾಗ?

ಹಳೆಯ ತೀರ್ಪಿಗೆ ಬೆಲೆಯೇ ಇಲ್ಲವೆಂದಲ್ಲ. ಎದುರಾಳಿ ಬಾಡಿಗೆದಾರ ಹೌದೋ ಅಲ್ಲವೋ ಎಂಬ ತೀರ್ಮಾನ ಅಂತಿಮವಾದರೆ, ಅಷ್ಟರ ಮಟ್ಟಿಗೆ ಅದು ಇಬ್ಬರಿಗೂ ಬದ್ಧ. ಸೀಮಿತ ಅಧಿಕಾರದ ಕೋರ್ಟ್ ತನ್ನ ವ್ಯಾಪ್ತಿಯಲ್ಲಿ ಕೊಟ್ಟ ತೀರ್ಮಾನಕ್ಕೂ ಈ ಬಲವುಂಟು. ಜೊತೆಗೆ, ಬಾಡಿಗೆಗೆಂದು ಒಳಬಂದವರು ಸ್ವಾಧೀನ ಬಿಟ್ಟುಕೊಡದೆ, ಬಾಡಿಗೆ ಆರಂಭವಾದಾಗ ಮಾಲೀಕರಿಗೆ ಹಕ್ಕಿರಲಿಲ್ಲ ಎಂದು ವಾದಿಸುವಂತಿಲ್ಲ. ಹಳೆಯ ಸಾಕ್ಷ್ಯ ಅಧಿನಿಯಮದ 116ನೇ ಕಲಮಿನಲ್ಲಿದ್ದ ಈ ನಿಯಮ, 2024ರ ಜುಲೈ 1ರಿಂದ ಭಾರತೀಯ ಸಾಕ್ಷ್ಯ ಅಧಿನಿಯಮದ 122ನೇ ಕಲಮಿನಲ್ಲಿದೆ.

ಹಿಂದಿನ ದಾವೆಯಲ್ಲಿ ಮಾಲೀಕತ್ವದ ಮೇಲೆಯೇ ವಿವಾದಾಂಶ ರಚನೆಯಾಗಿ, ಎರಡೂ ಕಡೆಯವರು ಸಾಕ್ಷ್ಯ ಕೊಟ್ಟು, ಆ ತೀರ್ಮಾನದ ಮೇಲೆಯೇ ಡಿಕ್ರಿ ನಿಂತಿದ್ದರೆ ಮಾತು ಬೇರೆ. ಆಗ ಹೊಸ ದಾವೆಗೆ ತಡೆ ಬೀಳಬಹುದು. ಹಾಗಾಗಿ ಪ್ರಕರಣದ ಹೆಸರು ನೋಡಿದರೆ ಸಾಲದು, ತೀರ್ಪನ್ನು ಓದಬೇಕು. ಬೆಳಗಾವಿಯ ದಾವೆಯೊಂದರಿಂದ ಹುಟ್ಟಿ ಸುಪ್ರೀಂ ಕೋರ್ಟ್ ತಲುಪಿದ ಪ್ರಕರಣದಲ್ಲಿ 2021ರಲ್ಲಿ ಇದೇ ಮಾತು ಬಂತು: ಹಿಂದಿನ ದಾವೆಯ ವಾದಪತ್ರ, ವಿವಾದಾಂಶ, ತೀರ್ಪುಗಳನ್ನು ಪರಿಶೀಲಿಸದೆ, ರೆಸ್ ಜುಡಿಕೇಟಾ ಎಂದು ಹೊಸ ದಾವೆಯನ್ನು ಆರಂಭದಲ್ಲೇ ತಿರಸ್ಕರಿಸಲಾಗದು.

ಕುಟುಂಬಗಳು, ಟ್ರಸ್ಟಿಗಳು ಗಮನಿಸಬೇಕಾದ್ದು

ಮೊದಲು ಹಳೆಯ ಪ್ರಕರಣದ ಅರ್ಜಿ, ತಕರಾರು, ವಿವಾದಾಂಶ ಮತ್ತು ತೀರ್ಪಿನ ದೃಢೀಕೃತ ನಕಲು ಪಡೆಯಿರಿ. ಕ್ರಯಪತ್ರ, ದಾನಪತ್ರ, ವಿಭಾಗ ಪತ್ರಗಳನ್ನು ಜೋಡಿಸಿ. ಖಾತೆ ಮತ್ತು ತೆರಿಗೆ ರಸೀದಿಗಳಷ್ಟರಿಂದಲೇ ಮಾಲೀಕತ್ವ ಸಿದ್ಧವಾಗದು. ಸ್ವಾಧೀನ ಎದುರಾಳಿಯ ಬಳಿ ಇದ್ದರೆ ಹಕ್ಕು ಘೋಷಣೆಯ ಜೊತೆಗೆ ಸ್ವಾಧೀನವನ್ನೂ ಕೇಳಬೇಕು. ಘೋಷಣೆಯನ್ನಷ್ಟೇ ಕೇಳಿದ ದಾವೆ ನಿಲ್ಲುವುದು ಕಷ್ಟ.

ಕಾಲಮಿತಿ ಎಲ್ಲಕ್ಕಿಂತ ಮುಖ್ಯ. ಮಾಲೀಕತ್ವದ ಆಧಾರದ ಮೇಲೆ ಸ್ವಾಧೀನ ಕೇಳಲು, ಎದುರಾಳಿಯ ಸ್ವಾಧೀನ ಪ್ರತಿಕೂಲವಾದ ದಿನದಿಂದ 12 ವರ್ಷಗಳ ಅವಧಿ ಇದೆ. ತೆರವು ಪ್ರಕರಣದಲ್ಲಿ ಕಳೆದ ವರ್ಷಗಳೆಲ್ಲ ತಾವಾಗಿಯೇ ಲೆಕ್ಕದಿಂದ ಬಿಟ್ಟುಹೋಗುವುದಿಲ್ಲ. ಟ್ರಸ್ಟ್‌ಗಳಲ್ಲಿ ಆಡಳಿತ ಮಂಡಳಿ ಬದಲಾಗುತ್ತಾ ಕಡತ ಕಪಾಟಿನಲ್ಲೇ ಉಳಿದರೆ ಹಾನಿ ಬಸದಿಗೇ. ತೆರವು ಪ್ರಕರಣದಲ್ಲಿ ಸೋತವರ ಆಸ್ತಿಯ ಹಕ್ಕು ಇನ್ನೂ ಉಳಿದಿರಬಹುದು. ಆದರೆ ಸುಮ್ಮನೆ ಕುಳಿತರೆ ಅದನ್ನು ಕಾಲವೇ ಕಸಿದುಕೊಳ್ಳುತ್ತದೆ.